ಹೈಡ್ರಾ ದ್ವೀಪವೂ ಒಬ್ಬ ಮರೆತ ಸಂಗೀತಗಾರರೂ

ಗ್ರೀಸ್ ದೇಶದ ಪಿರೇಯಸ್ ರೇವಿನಿಂದ ವೇಗದ ಹಡಗಿನಲ್ಲಿ ಸುಮಾರು ಎರಡು ಗಂಟೆ ಪ್ರಯಾಣಮಾಡಿದರೆ ಹೈಡ್ರಾ ದ್ವೀಪವು ಕಾಣಬರುವುದು. ದೂರಕ್ಕೆ ಅದು ಬರಿಯ ಬೋಳುಗುಡ್ಡ. ಹಡಗು ಹೊರಳಿದೊಡನೆ, ನೀರನ್ನು ಬಳಸಿ ಅರ್ಧಚಂದ್ರಾಕಾರವಾಗಿ ಮೇಲಕ್ಕೇರಿದ ಬಿಳಿಯ ಮನೆಗಳೂ ಅವುಗಳ ನಡುವೆ ಕೋಟೆಗಳಂತೆ ನಿಂತ ಬೂದುಗಲ್ಲಿನ ಮಹಲುಗಳೂ ಕಣ್ಣೆದುರಿಗೆ ನಿಲ್ಲುವುವು. ಸಮುದ್ರವ್ಯಾಪಾರದಿಂದ ಸಿರಿವಂತರಾದ ಹಡಗಿನ ಒಡೆಯರು ಕಟ್ಟಿಸಿದ ಮಹಲುಗಳಿವು. 1821ರಲ್ಲಿ ತುರ್ಕರ ವಿರುದ್ಧ ಸ್ವಾತಂತ್ರ್ಯಯುದ್ಧವು ಮೊದಲಾದಾಗ ಅವರು ತಮ್ಮ ಹಡಗುಗಳನ್ನೂ ಹಣವನ್ನೂ ನಾಡಿಗೆ ಒಪ್ಪಿಸಿದರು.

ಊರಿನಲ್ಲಿ ಮೋಟಾರುಗಳಿಗೆ ಅಪ್ಪಣೆಯಿಲ್ಲ. ಕಸದ ಗಾಡಿಯಂಥ ಒಂದೆರಡನ್ನು ಬಿಟ್ಟರೆ, ಸಾಮಾನುಗಳೆಲ್ಲವೂ ಕತ್ತೆ, ಹೇಸರಗತ್ತೆಗಳ ಬೆನ್ನಮೇಲೆಯೇ ಮೆಟ್ಟಿಲುಗಳನ್ನೇರಬೇಕು. ಆದುದರಿಂದ ನಮ್ಮ ಕಿವಿಗೆ ಇಲ್ಲಿ ಬಿಡುವು ದೊರೆಯಿತು. ಗೊರಸಿನ ಸದ್ದು, ಇಗರ್ಜಿಯ ಘಂಟೆ, ದಡಕ್ಕೆ ತಾಗುವ ಅಲೆ, ಒಂದೊಂದೂ ಬೇರೆಬೇರೆಯಾಗಿ ಕೇಳಿಸುತ್ತಿತ್ತು.

ಈ ರೇವಿನಲ್ಲಿಯೇ ಮೈಕೆಲ್ ಕಾಕೊಯಾನಿಸರು 'ಕರಿಯುಡುಗೆಯ ಹುಡುಗಿ' ಎಂಬರ್ಥದ ಹೆಸರಿನ ಚಲಚ್ಚಿತ್ರವನ್ನು ತೆಗೆದರು. 1956ರಲ್ಲಿ ಅದು ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಅಥೆನ್ಸಿನಿಂದ ಬಂದ ಲೇಖಕನೊಬ್ಬನು ಒಬ್ಬ ವಿಧವೆಯ ಮನೆಯಲ್ಲಿ ಬಿಡಾರಮಾಡಿ ಆಕೆಯ ಮಗಳಿಗೆ ಒಲಿಯುತ್ತಾನೆ. ಆ ಮನೆಯವರನ್ನು ಊರಿನ ಪುಂಡರು ಹಾದಿಬೀದಿಯಲ್ಲಿ ಹಂಗಿಸುತ್ತಿದ್ದವರು. ಅವರು ಕುಚೇಷ್ಟೆಗಾಗಿ ದೋಣಿಯೊಂದನ್ನು ಕೆಡಿಸಿಡಲು, ಏನೂ ಅರಿಯದ ಮಕ್ಕಳು ನೀರುಪಾಲಾಗುವರು. ಕಂಡೂ ಕಾಣದಂತಿದ್ದ ಊರೇ ಆಗ ತಲೆತಗ್ಗಿಸಬೇಕಾಗುವುದು.

ಈ ಚಿತ್ರಕ್ಕೆ ಸಂಗೀತವನ್ನು ಒದಗಿಸಿದವರು ಆರ್ಗಿರಿಸ್ ಕುನಾದಿಸ್. 1924ರಲ್ಲಿ ಕಾನ್‌ಸ್ಟಾಂಟಿನೋಪಲಿನಲ್ಲಿ ಹುಟ್ಟಿ, ಅಥೆನ್ಸಿನಲ್ಲಿ ಸಂಗೀತವನ್ನು ಕಲಿತ ಅವರು, 1958ರಲ್ಲಿ ಜರ್ಮನಿಯ ಫ್ರೈಬುರ್ಗ್ ಪಟ್ಟಣಕ್ಕೆ ತೆರಳಿ ವೋಲ್ಫ್‌ಗಾಂಗ್ ಫೋರ್ಟ್ನರರ ಶಿಷ್ಯರಾದರು, ಮುಂದೆ ಅಲ್ಲಿಯೇ ಅಧ್ಯಾಪಕರಾದರು, ಗೀತನಾಟಕಗಳನ್ನು ರಚಿಸಿದರು. 1961ರ 'ಆಂಟಿಗೊನಿ' ಚಿತ್ರದ ಸಂಗೀತವೂ ಅವರದೇ. 2011ರಲ್ಲಿ ಅವರು ಕಾಲವಾದರು.

ಗ್ರೀಕ್ ಚಲಚ್ಚಿತ್ರ ಸಂಗೀತವೆಂದೊಡನೆ ಲೋಕವು ಇಬ್ಬರ ಹೆಸರನ್ನು ಹೇಳುವುದು: 1960ರ ಚಿತ್ರದ ಹಾಡಿಗಾಗಿ ಆಸ್ಕರ್ ಬಹುಮಾನ ಪಡೆದ ಹಾಜಿದಾಕಿಸ್, 1964ರ 'ಜೋರ್ಬಾ' ಚಿತ್ರದಿಂದ ಮನೆಮಾತಾದ ಥಿಯೊದೊರಾಕಿಸ್. ಅವರ ಕೀರ್ತಿ ನ್ಯಾಯವಾದುದೇ. ಅವರ ಹಾಡುಗಳು ಚಿತ್ರವನ್ನು ಬಿಟ್ಟು ಹೊರಬಂದು ಜನರ ಬಾಯಲ್ಲಿ ನೆಲೆಸಿದುವು. ಆದರೆ ಚಿತ್ರದೊಳಗೇ ಕರಗಿ ನಿಲ್ಲುವ ಸಂಗೀತದ ಹಣೆಯಬರಹ ಬೇರೆ. ಅದು ಅಡಿಗೆಯ ಉಪ್ಪಿನಂತೆ. ಹದವಾಗಿದ್ದರೆ ಅದರ ಹೆಸರೆತ್ತುವವರಿಲ್ಲ.

ಹೈಡ್ರಾದ ಮಹಲುಗಳನ್ನು ಇಂದಿಗೂ ಒಡೆಯರ ಮನೆತನದ ಹೆಸರಿನಿಂದಲೇ ಕರೆಯುವರು. ಆ ಹಡಗುಗಳಲ್ಲಿ ಹಾಯಿ ಬಿಗಿದ ಕೈಗಳೆಷ್ಟೋ! ಮಹಲುಗಳು ಎದ್ದುದು ಅವರ ದುಡಿಮೆಯಿಂದಲೂ ಅಲ್ಲವೆ? ಮನೆಯಲ್ಲಿ ಎಲ್ಲರೂ ಕುಳಿತು ಚಿತ್ರವೊಂದನ್ನು ನೋಡುವಾಗ, ಮೊದಲಲ್ಲಿ ಓಡಿಹೋಗುವ ಹೆಸರುಗಳನ್ನು ಮಕ್ಕಳಿಂದ ಒಮ್ಮೆ ಗಟ್ಟಿಯಾಗಿ ಓದಿಸಿರಿ. ದುಡಿದವರಿಗೆ ಸಲ್ಲಬೇಕಾದ ಮನ್ನಣೆಯನ್ನು ಎಳೆಯರು ಕಲಿಯುವುದು ಇಂಥ ಸಣ್ಣ ನಡತೆಗಳಿಂದಲೇ.