ಗೋಕಟ್ಟೆಯ ಕಪ್ಪೆಗಳು

ಚಳ್ಳಕೆರೆ, ಮೊಳಕಾಲ್ಮೂರು ತಾಲ್ಲೂಕುಗಳಲ್ಲಿ ಮಳೆ ಬಂದಿತೆಂಬ ವರ್ತಮಾನವು ಕಣ್ಣಿಗಿಂತ ಮೊದಲು ಕಿವಿಗೆ ಮುಟ್ಟುತ್ತದೆ. ಮುಂಗಾರು ಈ ಸೀಮೆಯ ಮೇಲೆ ಮೋಡವಾಗಿ ಹಾದುಹೋಗುವುದೇ ಹೆಚ್ಚು, ನೀರಾಗಿ ಇಳಿಯುವುದು ಕಡಮೆ. ಉತ್ತರೆ, ಹಸ್ತ, ಚಿತ್ತೆಗಳ ಮಳೆಯೇ ಇಲ್ಲಿಯವರಿಗೆ ಆಧಾರ. ಅದೂ ಕೈಕೊಡುವ ವರ್ಷಗಳಿಗೆ ಕೊರತೆಯಿಲ್ಲ. ಹೀಗಿರುವಲ್ಲಿ ಒಂದು ಸಂಜೆ ಗುಡುಗಿ ಸುರಿದು, ಊರ ಮುಂದಣ ಗೋಕಟ್ಟೆಯಲ್ಲಿ ಮೊಳಕಾಲುದ್ದ ಕೆನ್ನೀರು ನಿಂತಿತೆಂದರೆ, ಅದೇ ರಾತ್ರಿ ಕಪ್ಪೆಗಳ ಗೋಷ್ಠಿ ಆರಂಭವಾಗುತ್ತದೆ. ಜಗಲಿಯ ಮೇಲೆ ಮಲಗಿದ ಮುದುಕರು ಆ ಕೂಗನ್ನು ಕೇಳಿಯೇ ಕಟ್ಟೆಗೆ ಎಷ್ಟು ನೀರು ಬಂದಿರಬಹುದೆಂದು ಲೆಕ್ಕ ಹಾಕುತ್ತಾರೆ. ಋಗ್ವೇದದ ಏಳನೆಯ ಮಂಡಲದಲ್ಲಿ ಕಪ್ಪೆಗಳ ಮೇಲೆ ಒಂದು ಸೂಕ್ತವೇ ಇರುವುದು ವಾಚಕರಿಗೆ ತಿಳಿದಿರಬಹುದು. ವಟಗುಟ್ಟುವ ದನಿಯನ್ನು ಬ್ರಾಹ್ಮಣರ ವೇದಘೋಷಕ್ಕೆ ಹೋಲಿಸಿದ ಆ ಋಷಿ, ಮಳೆಗಾಗಿ ಬಾಯಿಬಿಟ್ಟು ಕಾದ ನಾಡೊಂದನ್ನು ಕಂಡವನೇ ಆಗಿರಬೇಕು.

ಅಂತಹದೊಂದು ಕಟ್ಟೆಯ ಏರಿಯ ಮೇಲೆ, ಮಳೆ ಬಿದ್ದ ಮರುದಿನ, ಕುರಿ ಕಾಯುವ ವೃದ್ಧರೊಬ್ಬರೂ ನಿವೃತ್ತರಾದ ಉಪಾಧ್ಯಾಯರೊಬ್ಬರೂ ಮಾತಿಗೆ ಕುಳಿತಿದ್ದರು. “ಈ ಸಲ ಕಪ್ಪೆ ಬೋ ಕೂಗ್ತಾವೆ ಸಾಮಿ, ಅವುಗಳ ಕುಲ ಚೆನ್ನಾಗಿ ಬೆಳದೈತೆ” ಎಂದರು ವೃದ್ಧರು. “ಕೂಗೋವೆಲ್ಲ ಗಂಡು, ಯಜಮಾನ್ರೇ. ಹೆಣ್ಣು ಎಷ್ಟವೆ ಅನ್ನೋದು ಕೂಗಿನಿಂದ ತಿಳಿಯೋದಿಲ್ಲ” ಎಂದರು ಉಪಾಧ್ಯಾಯರು. ವೃದ್ಧರು ಸ್ವಲ್ಪ ಹೊತ್ತು ನೀರನ್ನೇ ನೋಡುತ್ತಿದ್ದು, “ಹಂಗಾದ್ರೆ ಇದ್ದವೆಲ್ಲಾ ಗಂಡೇ ಆಗಿಬಿಟ್ರೂ ಕೂಗು ಹಿಂಗೇ ಇರ್ತದಲ್ಲ?” ಎಂದು ಕೇಳಿದರು.

ಉಪಾಧ್ಯಾಯರು ಒಡನೆ ಉತ್ತರ ಕೊಡಲಿಲ್ಲ. ಕುರಿಯ ಹಿಂಡಿನಲ್ಲಿ ಟಗರು ಎಷ್ಟಿರಬೇಕು, ಹೆಣ್ಣು ಕುರಿ ಎಷ್ಟಿರಬೇಕೆಂಬುದನ್ನು ಬಲ್ಲವನಿಗೆ ಮಾತ್ರ ಹೊಳೆಯಬಹುದಾದ ಪ್ರಶ್ನೆ ಅದು. ಪ್ರಾಣಿಶಾಸ್ತ್ರಜ್ಞರು ನೂರು ವರ್ಷಕ್ಕೂ ಮೇಲ್ಪಟ್ಟು ಇದೇ ಪ್ರಶ್ನೆಯ ಸುತ್ತ ದುಡಿದಿದ್ದಾರೆ.

ನೀರು ಗಂಡನ್ನು ಹೆಣ್ಣಾಗಿಸೀತೆಂಬ ಕಲ್ಪನೆ ಹಳೆಯದು. ಮಹಾಭಾರತದ ಅನುಶಾಸನಪರ್ವದಲ್ಲಿ ಭಂಗಾಸ್ವನನೆಂಬ ರಾಜನು ಇಂದ್ರನ ಕೋಪಕ್ಕೆ ಪಾತ್ರನಾಗಿ, ಕಾಡಿನ ಸರೋವರವೊಂದರಲ್ಲಿ ಮಿಂದು ಸ್ತ್ರೀಯಾಗಿ ಮೇಲೆದ್ದ ಕಥೆಯಿದೆ. ಆದರೆ ಆ ರಾಜನು ಬೆಳೆದ ಗಂಡಸು, ನೂರು ಮಕ್ಕಳ ತಂದೆ. ಕಪ್ಪೆಯ ವಿಷಯ ಹಾಗಲ್ಲ. ಬೆಳೆದ ಕಪ್ಪೆಯು ಇದ್ದಕ್ಕಿದ್ದಂತೆ ಲಿಂಗವನ್ನು ಬದಲಿಸಿದ ದೃಷ್ಟಾಂತಗಳು ಅತಿ ವಿರಳ. ಆಫ್ರಿಕದ ಜೊಂಡಿನ ಕಪ್ಪೆಯೊಂದರಲ್ಲಿ, ಪ್ರಯೋಗಶಾಲೆಯಲ್ಲಿ ಸಾಕಿದ 24 ಹೆಣ್ಣುಗಳ ಪೈಕಿ 7 ಗಂಡಾದುವೆಂದು 1989ರಲ್ಲಿ ಪ್ರಕಟವಾದುದು ಅಂತಹ ಒಂದು ಸಂಗತಿ. ಸಾಮಾನ್ಯವಾಗಿ ಮಾರ್ಪಾಟು ನಡೆಯುವುದು ಬಾಲ್ಯದಲ್ಲಿ. ಬಾಲವಿದ್ದು ಕಾಲಿಲ್ಲದ ಗೊದಮೊಟ್ಟೆಯ ಅವಸ್ಥೆಯಲ್ಲಿ.

ಗೊದಮೊಟ್ಟೆಯ ಹೊಟ್ಟೆಯೊಳಗೆ ಮೂತ್ರಪಿಂಡಗಳ ಪಕ್ಕದಲ್ಲಿ ಎರಡು ಸಣ್ಣ ಏಣುಗಳು ಮೂಡುತ್ತವೆ. ಆರಂಭದಲ್ಲಿ ಅವು ಗಂಡಿನವೂ ಅಲ್ಲ, ಹೆಣ್ಣಿನವೂ ಅಲ್ಲ. ಹೊರಪದರವು ಬೆಳೆದರೆ ಅಂಡಾಶಯ, ಒಳತಿರುಳು ಬೆಳೆದರೆ ವೃಷಣ. ಎರಡರ ಸಾಮಗ್ರಿಯೂ ಒಂದೇ ಮಡಕೆಯಲ್ಲಿದೆ. ಯಾವುದು ಮೇಲುಗೈಯಾಗಬೇಕೆಂಬುದನ್ನು ತಾಯಿತಂದೆಗಳಿಂದ ಬಂದ ವರ್ಣತಂತುಗಳು ಗೊತ್ತುಮಾಡಿರುತ್ತವೆ. ಆದರೆ ಆ ಆಜ್ಞೆಯು ನಡೆದುಬರುವ ದಾರಿಯಲ್ಲಿ ಹಾರ್ಮೋನುಗಳೂ, ಅವುಗಳನ್ನು ಒಂದರಿಂದ ಇನ್ನೊಂದಾಗಿ ಮಾರ್ಪಡಿಸುವ ಕಿಣ್ವಗಳೂ ಇವೆ. ಇವುಗಳ ಕೆಲಸವು ಹೊರಗಿನ ಶಾಖದಿಂದಲೋ ನೀರಿನಲ್ಲಿ ಕಲೆತ ವಸ್ತುವಿನಿಂದಲೋ ಏರುಪೇರಾಗಬಹುದು. ಅರಮನೆಯಿಂದ ಹೊರಟ ಆಜ್ಞೆ ಹಳ್ಳಿಯ ಶಾನುಭೋಗನ ಕೈ ಸೇರುವಷ್ಟರಲ್ಲಿ ಬೇರೆಯಾಗುತ್ತಿದ್ದುದುಂಟಲ್ಲ, ಹಾಗೆ.

ಈ ಇಮ್ಮುಖದ ಗುರುತು ನೆಲಗಪ್ಪೆಯಲ್ಲಿ ಜೀವಮಾನಪೂರ್ತಿ ಉಳಿದಿರುತ್ತದೆ. ಮನೆಯ ಹಿತ್ತಲಲ್ಲಿ ಹುಳು ಹಿಡಿಯುತ್ತ ಕುಳಿತ ಗಂಡು ನೆಲಗಪ್ಪೆಯ ವೃಷಣದ ತುದಿಯಲ್ಲಿ ಬಿಡ್ಡರನ ಅಂಗವೆಂಬ ಸಣ್ಣದೊಂದು ಗಂಟು ಇರುತ್ತದೆ. ಅದು ಬೆಳೆಯದೆ ನಿಂತ ಅಂಡಾಶಯ. 1920ರ ದಶಕದಲ್ಲಿ ಜಿನೀವಾದ ಕಿಟ್ಟಿ ಪೋನ್ಸ್ ಎಂಬ ವಿದುಷಿಯು ಗಂಡು ನೆಲಗಪ್ಪೆಗಳ ವೃಷಣಗಳನ್ನು ತೆಗೆದು ನೋಡಲಾಗಿ, ಈ ಗಂಟು ನಿಜವಾದ ಅಂಡಾಶಯವಾಗಿ ಬೆಳೆಯಿತು. ಹೆಣ್ತನವು ಅಲ್ಲಿ ಇಲ್ಲದೆ ಇರಲಿಲ್ಲ, ಅಡಗಿತ್ತು, ಅಷ್ಟೆ. ಹೆಚ್ಚುಕಡಮೆ ಅದೇ ಕಾಲದಲ್ಲಿ, 1929ರಲ್ಲಿ, ಎಮಿಲ್ ವಿಟ್ಷಿ ಎಂಬವರು ಅಮೆರಿಕದ ಕಾಡುಗಪ್ಪೆಯ ಗೊದಮೊಟ್ಟೆಗಳನ್ನು ಸುಮಾರು 32 ಡಿಗ್ರಿ ಶಾಖದ ನೀರಿನಲ್ಲಿ ಬೆಳೆಸಿ, ಹೆಣ್ಣಾಗಬೇಕಾಗಿದ್ದವು ಗಂಡಾಗುವುದನ್ನು ತೋರಿಸಿಕೊಟ್ಟರು.

ಅಮೆರಿಕದ ಕಾಡುಗಪ್ಪೆ ಶೀತಪ್ರದೇಶದ್ದು. ಅದಕ್ಕೆ 32 ಡಿಗ್ರಿಯೆಂದರೆ ಬೆಂಕಿಯೇ ಸರಿ. ಬಿಸಿಲಿನ ನಾಡಿನ ಕಪ್ಪೆಗೆ ಇದು ಹೇಗೆ ಅನ್ವಯಿಸೀತೆಂದು ಯಾರಾದರೂ ಕೇಳಬಹುದು. ಇದಕ್ಕೆ ಉತ್ತರವು ಪುಣೆಯಿಂದ ಬಂದಿದೆ. ಕಟ್ಟೆಯ ದಡದಲ್ಲಿ ಕಾಲಿಟ್ಟೊಡನೆ ನೀರಿನ ಮೇಲೆಯೇ ತಟತಟನೆ ಜಿಗಿದು ದೂರ ಹೋಗಿ, ಕಣ್ಣು ಮಾತ್ರ ಮೇಲಿಟ್ಟು ನೋಡುವ ಬೂದುಬಣ್ಣದ ಕಪ್ಪೆಯನ್ನು ಎಲ್ಲರೂ ಕಂಡಿದ್ದಾರೆ. ಶಾಸ್ತ್ರಜ್ಞರು ಇದಕ್ಕೆ ಯೂಫ್ಲಿಕ್ಟಿಸ್ ಸಯನೋಫ್ಲಿಕ್ಟಿಸ್ ಎಂಬ, ಕಪ್ಪೆಗಿಂತ ಉದ್ದವಾದ ಹೆಸರನ್ನಿಟ್ಟಿದ್ದಾರೆ. ಪುಣೆಯ ವಿಶ್ವವಿದ್ಯಾನಿಲಯದ ಸಮಾಧಾನ ಫುಗೆ ಎಂಬವರು ಇದರ ತತ್ತಿಗಳನ್ನು 20 ಡಿಗ್ರಿಯಿಂದ 32 ಡಿಗ್ರಿಯವರೆಗೆ ಎರಡೆರಡು ಡಿಗ್ರಿಯ ಅಂತರದ ನೀರಿನಲ್ಲಿಟ್ಟು ಬೆಳೆಸಿ, ಫಲಿತಾಂಶವನ್ನು 2017ರಲ್ಲಿ ಪ್ರಕಟಿಸಿದರು. 20, 22 ಡಿಗ್ರಿಗಳ ತಣ್ಣೀರಿನಲ್ಲಿ ಮರಿಗಳು ಆರಂಭದಲ್ಲಿಯೇ ಸತ್ತುವು. 28, 30, 32 ಡಿಗ್ರಿಗಳಲ್ಲಿ ಗಂಡುಗಳ ಸಂಖ್ಯೆ ಮೇಲಾಯಿತು. ಶಾಖವು ವೃಷಣದ ಬೆಳವಣಿಗೆಯನ್ನು ಹುರಿದುಂಬಿಸಿ, ಅಂಡಾಶಯದ ಬೆಳವಣಿಗೆಯನ್ನು ಕೆಡಿಸಿತ್ತು. ಮರಿಗಳು ಬೇಗನೆ ಕಪ್ಪೆಗಳಾದುವು, ಆದರೆ ಗಾತ್ರದಲ್ಲಿ ಚಿಕ್ಕವಾದುವು. ಇನ್ನೂ ಒಂದು ಸೂಕ್ಷ್ಮವಿದೆ: ತತ್ತಿಯೊಳಗಿದ್ದಾಗಲೂ ಒಡೆದು ಹೊರಬಂದ ಹೊಸತರಲ್ಲೂ ತಗಲಿದ ಶಾಖದಿಂದ ಲಿಂಗಕ್ಕೆ ಬಾಧೆಯಾಗಲಿಲ್ಲ; ಮರಿಯು ತಾನಾಗಿ ಮೇಯಲು ತೊಡಗಿದಂದಿನಿಂದ ಮುಂಗಾಲು ಮೂಡುವವರೆಗಿನ ಕಾಲದಲ್ಲಿ ತಗಲಿದ ಶಾಖವೇ ಗಂಡುಗಳನ್ನು ಹೆಚ್ಚಿಸಿತು. ದೇಹಕ್ಕೆ ಸಂಕಟವಾದಾಗ ಹುಟ್ಟುವ ಹಾರ್ಮೋನುಗಳ ಮೂಲಕ ಶಾಖವು ಈ ಕೆಲಸವನ್ನು ನಡೆಸುತ್ತಿರಬಹುದೆಂದು ಆ ಸಂಶೋಧಕರ ಊಹೆ.

ಈಗ ಚಳ್ಳಕೆರೆಯ ಗೋಕಟ್ಟೆಯನ್ನು ನೆನೆಯಬೇಕು. ಬೇಸಗೆಯಲ್ಲಿ ಗಾಳಿಯ ತಾಪವೇ 40 ಡಿಗ್ರಿಯ ಸಮೀಪಕ್ಕೆ ಹೋಗುವ ಸೀಮೆಯಿದು. ಅಕಾಲದಲ್ಲಿ ಬಿದ್ದ ಮಳೆಯ ನೀರು ದಿನೇ ದಿನೇ ಇಂಗುತ್ತ, ತೆಳುವಾಗುತ್ತ, ತೆಳುವಾದಷ್ಟೂ ಬೇಗ ಕಾಯುತ್ತದೆ. ಮಧ್ಯಾಹ್ನ ಅಂಚಿನ ನೀರಿಗೆ ಕೈ ಅದ್ದಿದರೆ ಸ್ನಾನಕ್ಕೆ ಕಾಸಿದಂತಿರುತ್ತದೆ. ಗೊದಮೊಟ್ಟೆಗಳು ಮೇಯುವುದಾದರೋ ಪಾಚಿ ಬೆಳೆಯುವ ಆ ಅಂಚಿನಲ್ಲಿಯೇ. ಹಿಂದಿನವರು ಕಟ್ಟೆಯನ್ನು ಆಳವಾಗಿ ತೋಡಿ, ಏರಿಯ ಮೇಲೆ ಹೊಂಗೆಯನ್ನೋ ಬೇವನ್ನೋ ಬೆಳೆಸುತ್ತಿದ್ದರು. ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಗಳನ್ನು ಜನರು ಇಂದಿಗೂ ಪವಾಡಪುರುಷರೆಂದು ಮಾತ್ರವಲ್ಲದೆ ಕೆರೆ ಕಟ್ಟಿಸಿದವರೆಂದು ಸ್ಮರಿಸುವುದು ಸುಮ್ಮನೆ ಅಲ್ಲ. ದನಕ್ಕೆ ನೆರಳಾಗಲೆಂದು ನೆಟ್ಟ ಮರ ಕಪ್ಪೆಯ ಮರಿಗೂ ನೆರಳಾಗುತ್ತಿತ್ತು. ನೆಟ್ಟವನಿಗೆ ಅದು ತಿಳಿದಿರಬೇಕಾಗಿಯೂ ಇರಲಿಲ್ಲ. ಹೂಳು ತುಂಬಿ ತಟ್ಟೆಯಂತಾದ, ಏರಿ ಬೋಳಾದ ಕಟ್ಟೆಯಲ್ಲಿ ತಂಪಾದ ಮೂಲೆ ಎಲ್ಲಿಯದು?

ಶಾಖವೊಂದೇ ಕಾರಣವೆಂದರೆ ಮಾತು ಅಪೂರ್ಣವಾದೀತು. ಈ ಜಿಲ್ಲೆಯ ಪಡುವಣ ಭಾಗಗಳಲ್ಲಿ ಹರಡಿರುವ ಮೆಕ್ಕೆಜೋಳದಂತಹ ಬೆಳೆಗಳಲ್ಲಿ ಕಳೆಯನ್ನು ಕೊಲ್ಲಲು ಬಳಸುವ ಅಟ್ರಜೀನ್ ಎಂಬ ಔಷಧವಿದೆ. ಕ್ಯಾಲಿಫೋರ್ನಿಯದ ಬರ್ಕ್ಲಿಯಲ್ಲಿ ಟೈರೋನ್ ಹೇಯ್ಸ್ ಎಂಬವರೂ ಅವರ ಸಂಗಡಿಗರೂ ಆಫ್ರಿಕದ ಉಗುರುಗಪ್ಪೆಯ 40 ಗಂಡುಗಳನ್ನು, ನೂರು ಕೋಟಿ ಪಾಲು ನೀರಿಗೆ ಎರಡೂವರೆ ಪಾಲು ಅಟ್ರಜೀನ್ ಬೆರೆತ ನೀರಿನಲ್ಲಿ ಬೆಳೆಸಿದರು. 2010ರಲ್ಲಿ ಅವರು ಪ್ರಕಟಿಸಿದಂತೆ, ಅವುಗಳಲ್ಲಿ ಹತ್ತನೆಯ ಒಂದು ಭಾಗ ಪೂರ್ಣ ಹೆಣ್ಣಾಗಿ, ಬೇರೆ ಗಂಡುಗಳನ್ನು ಕೂಡಿ, ತತ್ತಿಯನ್ನೂ ಇಟ್ಟುವು. ಹುಟ್ಟಿದ ಮರಿಗಳೆಲ್ಲ ಗಂಡು! ತಾಯಿಯೂ ಮೂಲತಃ ಗಂಡೇ ಆಗಿದ್ದಮೇಲೆ ಹೆಣ್ಣಿನ ವರ್ಣತಂತು ಬರುವುದಾದರೂ ಎಲ್ಲಿಂದ? ಇತರ ಪ್ರಯೋಗಶಾಲೆಗಳಲ್ಲಿ ಇಂತಹ ಫಲ ಕಾಣಲಿಲ್ಲವೆಂಬ ವರದಿಯೂ 2009ರಲ್ಲಿ ಬಂದಿದ್ದು, ಈ ವಿಷಯದಲ್ಲಿ ದೊಡ್ಡ ವಾಗ್ವಾದವೇ ನಡೆದಿದೆ. ಯುರೋಪಿನ ಒಕ್ಕೂಟವು 2004ರಲ್ಲಿ ಈ ಔಷಧಕ್ಕೆ ಅನುಮತಿಯನ್ನು ನಿರಾಕರಿಸಿತು. ಭಾರತ ಸರಕಾರವು 2020ರ ಮೇ ತಿಂಗಳಲ್ಲಿ ನಿಷೇಧಿಸಲು ಉದ್ದೇಶಿಸಿ ಹೊರಡಿಸಿದ ಕರಡಿನ 27 ಔಷಧಗಳಲ್ಲಿ ಇದರ ಹೆಸರೂ ಇತ್ತು.

ಹಾಗೆಂದು ಲಿಂಗ ಬದಲಾದ ಕಪ್ಪೆಯನ್ನು ಕಂಡೊಡನೆ ಯಾರೋ ವಿಷವಿಕ್ಕಿದರೆಂದು ಕೂಗಾಡುವುದೂ ಸರಿಯಲ್ಲ. ಅಮೆರಿಕದ ಕನೆಕ್ಟಿಕಟ್ ಪ್ರಾಂತದ ಹಸುರುಗಪ್ಪೆಗಳನ್ನು ವರ್ಣತಂತುಗಳ ಗುರುತಿನಿಂದ ಪರೀಕ್ಷಿಸಿ 2019ರಲ್ಲಿ ಪ್ರಕಟಿಸಿದ ವರದಿಯಲ್ಲಿ, ಬಡಾವಣೆಗಳ ನಡುವಣ ಕೊಳಗಳಲ್ಲಷ್ಟೇ ಅಲ್ಲದೆ ಅಡವಿಯ ಕೊಳಗಳಲ್ಲಿಯೂ ಲಿಂಗ ಬದಲಾದವು ಕಂಡುಬಂದುವು. ಹೆಣ್ಣು ಗಂಡಾದದ್ದೂ ಉಂಟು, ಗಂಡು ಹೆಣ್ಣಾದದ್ದೂ ಉಂಟು. ಕಪ್ಪೆಯ ಪ್ರಕೃತಿಯಲ್ಲಿಯೇ ಇಷ್ಟು ಸಡಿಲವಿದೆ. ಅಷ್ಟೇ ಅಲ್ಲ, ಆ ಸಡಿಲದಲ್ಲಿ ಒಂದು ಬಗೆಯ ತಿದ್ದುಪಡಿಯೂ ಇದೆ. ಹೆಣ್ಣಿಗೆ ಎರಡು ಎಕ್ಸ್, ಗಂಡಿಗೆ ಒಂದು ಎಕ್ಸ್ ಒಂದು ವೈ ಇರುವ ಜಾತಿಯಲ್ಲಿ, ಶಾಖದಿಂದ ಗಂಡಾದ ಹೆಣ್ಣು ನಿಜವಾದ ಹೆಣ್ಣನ್ನು ಕೂಡಿದರೆ ಹುಟ್ಟುವುದೆಲ್ಲ ಹೆಣ್ಣು. ಒಂದು ವರ್ಷದ ಬಿಸಿಲು ಕೆಡಿಸಿದ ಲೆಕ್ಕವನ್ನು ಮುಂದಿನ ವರ್ಷದ ತಂಪು ಸರಿಮಾಡಿಕೊಳ್ಳುತ್ತದೆ. ಆದರೆ ಮುಂದಿನ ವರ್ಷವೂ ತಂಪಾಗದೆ, ಅದರ ಮುಂದಿನದೂ ತಂಪಾಗದೆ ಹೋದರೆ, ಹೆಣ್ಣಾಗಬೇಕಾದ ಆ ಮರಿಗಳೂ ಗಂಡಾಗುತ್ತವೆ. ವೈ ಎಂಬುದು ಕ್ರಮೇಣ ಕಟ್ಟೆಯಿಂದಲೇ ಮಾಯವಾಗಿ, ಗಂಡುಹೆಣ್ಣುಗಳ ನಿರ್ಣಯವೆಲ್ಲ ನೀರಿನ ಕಾವಿಗೇ ಒಪ್ಪಿಸಿದಂತಾಗುತ್ತದೆ. ಬರವೂ ಹೀಗೆಯೇ ಅಲ್ಲವೆ? ಒಂದು ವರ್ಷದ್ದನ್ನು ಕಣಜ ತಡೆಯುತ್ತದೆ. ಮೂರು ವರ್ಷ ಒಂದೇ ಸಮನೆ ಬಂದರೆ ಜನ ಊರು ಬಿಡುತ್ತಾರೆ.

ಮಳೆಗಾಗಿ ಕಪ್ಪೆಗಳಿಗೆ ಮದುವೆ ಮಾಡುವ ಪದ್ಧತಿ ಕನ್ನಡ ನಾಡಿನಲ್ಲಿ ಉಳಿದಿದೆ. 2019ರ ಜೂನಿನಲ್ಲಿ ಉಡುಪಿಯಲ್ಲಿ ವರುಣ, ವರ್ಷಾ ಎಂಬ ಹೆಸರುಗಳಿಂದ ಒಂದು ಜೋಡಿಗೆ ವಿಧಿವತ್ತಾಗಿ ವಿವಾಹ ನಡೆದುದನ್ನು ಪತ್ರಿಕೆಗಳಲ್ಲಿ ಓದಿದವರಿದ್ದಾರೆ. ಕಪ್ಪೆಗಳಲ್ಲಿ ಸಾಮಾನ್ಯವಾಗಿ ವಧುವೇ ದೊಡ್ಡವಳು, ವರನು ಚಿಕ್ಕವನು. ಮನುಷ್ಯರ ಅಳತೆಯಿಂದ ಆರಿಸಹೊರಟವರು ವಧುವಿಗೇ ಬಾಸಿಂಗ ಕಟ್ಟಿ ವರನ ಮಣೆಯಲ್ಲಿ ಕೂರಿಸುವ ಭಯವುಂಟು. ಗದ್ದದ ಕೆಳಗೆ ಕೂಗುವ ಚೀಲವಿದೆಯೇ ಎಂದು ನೋಡುವುದು ಕ್ಷೇಮ.

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ, 1892ರಲ್ಲಿ ಬಿ. ಎಲ್. ರೈಸ್ ಅವರು ಕಂಡುಹಿಡಿದ ಅಶೋಕನ ಶಾಸನವಿದೆ. ತಾಯಿತಂದೆಗಳ ಮಾತು ಕೇಳಬೇಕು, ಸತ್ಯವನ್ನಾಡಬೇಕು ಎಂಬುವುಗಳ ನಡುವೆ ಪ್ರಾಣಿಗಳ ವಿಷಯದಲ್ಲಿ ದೃಢವಾದ ಆದರವಿರಬೇಕೆಂಬ ಮಾತೂ ಅದರಲ್ಲಿದೆ. ಮಳೆಗಾಲದಲ್ಲಿ ಆ ಬಂಡೆಗಳ ಸಂದಿನ ದೊಣೆಗಳಲ್ಲಿ ನೀರು ನಿಲ್ಲುತ್ತದೆ. ಅಲ್ಲಿಯೂ ಕಪ್ಪೆ ಕೂಗುತ್ತದೆ.

2022ರ ಸೆಪ್ಟೆಂಬರಿನಲ್ಲಿ ವಾಣೀವಿಲಾಸ ಸಾಗರವು 1933ರ ತರುವಾಯ ಮೊದಲ ಸಲ ಕೋಡಿಬಿದ್ದು, ಬಹುಕಾಲ ಮರಳಾಗಿ ಬಿದ್ದಿದ್ದ ವೇದಾವತಿಯು ಚಳ್ಳಕೆರೆಯ ಕಡೆ ತುಂಬಿ ಹರಿಯಿತು. ಆ ವರ್ಷ ಕಟ್ಟೆಗಳಲ್ಲಿ ಆಳವಾದ, ತಣ್ಣನೆಯ ನೀರು ಬಹು ದಿನ ನಿಂತಿತ್ತು. ಏರಿಯ ಮೇಲೆ ಕುಳಿತ ವೃದ್ಧರೂ ಆ ನೀರನ್ನೇ ನೆನೆಯುತ್ತಿದ್ದರೆಂದು ತೋರುತ್ತದೆ. ಉಪಾಧ್ಯಾಯರು ಶಾಖದ ವಿಚಾರವನ್ನೆಲ್ಲ ತಮ್ಮಿಂದಾದ ಮಟ್ಟಿಗೆ ವಿವರಿಸಿ ಮುಗಿಸಿದ ಮೇಲೆ, ಅವರು ಕೋಲೂರಿ ಎದ್ದು, ಕಟ್ಟೆಯ ಒಳಗೆ ನಾಲ್ಕು ಹೆಜ್ಜೆ ಇಳಿದು, ಕೋಲನ್ನು ನೀರಿಗೆ ಇಳಿಬಿಟ್ಟು ನೋಡಿದರು. ಒಂದು ಗೇಣು ನೀರು. ಅದರ ಕೆಳಗೆ ಕೋಲು ಹೂಳಿನಲ್ಲಿ ಎರಡು ಗೇಣು ಇಳಿಯಿತು.

“ಯುಗಾದಿ ಕಳಿದ ಮ್ಯಾಲೆ ನೀರು ಬತ್ತತದೆ ಸಾಮಿ,” ಎಂದರು. “ಆವಾಗ ಹೂಳು ತಗಸಬೇಕು. ಪಂಚಾಯ್ತಿಗೆ ಒಂದು ಅರ್ಜಿ ಬರಕೊಡಿ. ಕಪ್ಪೆ ಸುದ್ದಿ ಬರೀಬ್ಯಾಡಿ, ನಗ್ತಾರೆ. ದನಕ್ಕೆ ಅಂತ ಬರೀರಿ.”