ಲೀಟರಿನ ಲೆಕ್ಕ

ಹಾಲು, ಸೀಮೆಎಣ್ಣೆ, ಪೆಟ್ರೋಲು ಇವುಗಳನ್ನು ಬಿಟ್ಟು ಹಣ್ಣನ್ನೂ ಲೀಟರಿನಲ್ಲಿ ಅಳೆದು ಮಾರುವ ದೇಶವೊಂದಿದೆ ಎಂದು ಐವತ್ತು ತುಂಬುವವರೆಗೆ ನನಗೆ ಗೊತ್ತಿರಲಿಲ್ಲ. ಇಪ್ಪತ್ತೈದು ವರ್ಷ ಸಮಾಜ ವಿಜ್ಞಾನ ಕಲಿಸಿದವಳು ನಾನು. ಗೋಡೆಯ ಮೇಲಿನ ಭೂಪಟದಲ್ಲಿ ಕೋಲು ತೋರಿಸಿ, 'ಇದು ಫಿನ್‌ಲೆಂಡ್, ಸಾವಿರ ಸರೋವರಗಳ ನಾಡು' ಎಂದು ವರ್ಷವರ್ಷವೂ ಹೇಳಿದ್ದೇನೆ. ಕೋಲಿನ ತುದಿಯಲ್ಲಿರುವ ಆ ಜಾಗಕ್ಕೆ ನಾನೇ ಹೋಗಿ, ಕೈಚೀಲ ಹಿಡಿದು ಸಂತೆ ಮಾಡಿಕೊಂಡು ಬರುತ್ತೇನೆಂದು ಕನಸೂ ಕಂಡವಳಲ್ಲ.

ಹೋದದ್ದು ಬಾಣಂತನಕ್ಕೆ. 2019ರ ಜೂನ್ ತಿಂಗಳು. ಮಗಳು, ಅಳಿಯ ಇಬ್ಬರೂ ಔಲು ಎಂಬ ಊರಿನಲ್ಲಿ ಕಂಪ್ಯೂಟರ್ ಕೆಲಸದಲ್ಲಿದ್ದರು. ಔಲು ಎಂದರೆ ಫಿನ್‌ಲೆಂಡಿನ ಉತ್ತರಭಾಗದಲ್ಲಿ, ಸಮುದ್ರದ ದಂಡೆಯಲ್ಲಿರುವ ಊರು. ರಜೆಯ ಅರ್ಜಿ ಕೊಟ್ಟಾಗ ನಮ್ಮ ಮುಖ್ಯೋಪಾಧ್ಯಾಯರು, 'ಶಾಲೆ ಶುರುವಾಗುವ ಹೊತ್ತಿಗೇ ಆಗಬೇಕಿತ್ತೇ ಮೇಡಂ? ಏಪ್ರಿಲಿನಲ್ಲಾಗಿದ್ದರೆ ರಜೆಯೇ ಬೇಕಿರಲಿಲ್ಲ' ಎಂದರು. ಆ ಮಾತನ್ನು ಮಗಳಿಗೆ ಫೋನಿನಲ್ಲಿ ಹೇಳಿದೆ. ಇಬ್ಬರೂ ನಕ್ಕೆವು.

ಅಲ್ಲಿ ಬೇಸಿಗೆಯಲ್ಲಿ ಕತ್ತಲೆಯೇ ಇಲ್ಲ. ರಾತ್ರಿ ಹನ್ನೊಂದಕ್ಕೂ ಸಂಜೆ ಐದರ ಹಾಗೆ ಬೆಳಕು. ಮೊಮ್ಮಗ ಹಗಲು ನಿದ್ದೆ ಮಾಡಿ ರಾತ್ರಿ ಎದ್ದಿರುತ್ತಿದ್ದ. ಅವನಿಗೆ ಯಾವುದು ಹಗಲು, ಯಾವುದು ರಾತ್ರಿ ಎಂದು ಹೇಳಿಕೊಡಲು ನನಗೂ ತಿಳಿಯುತ್ತಿರಲಿಲ್ಲ. ಮಗು ಹುಟ್ಟಿ ಮೂರು ವಾರವಾದ ಮೇಲೆ ಅಳಿಯ, 'ಅತ್ತೆ, ಮನೆಯೊಳಗೇ ಇದ್ದು ಬೇಜಾರಾಗಿರಬೇಕು' ಎಂದು ಒಂದು ಶನಿವಾರ ಊರಿನ ಮಾರುಕಟ್ಟೆ ಚೌಕಕ್ಕೆ ಕರೆದುಕೊಂಡು ಹೋದ.

ಕಡಲಿನ ಪಕ್ಕದಲ್ಲೇ ಚೌಕ. ಒಂದು ಕಡೆ ಕೆಂಪು ಬಣ್ಣದ ಹಳೆಯ ಮರದ ಉಗ್ರಾಣಗಳು. ನಡುವೆ ಒಬ್ಬ ಪೊಲೀಸಿನವನ ಕಂಚಿನ ಪ್ರತಿಮೆ. ಗುಂಡು ಹೊಟ್ಟೆ, ಕುಳ್ಳು ಕಾಲು. 1987ರಲ್ಲಿ ನಿಲ್ಲಿಸಿದ್ದಂತೆ. ಹಿಂದಿನ ಕಾಲದಲ್ಲಿ ಸಂತೆ ಕಾಯುತ್ತಿದ್ದ ಪೊಲೀಸರ ನೆನಪಿಗೆ. ಮಕ್ಕಳು ಅವನ ಹೊಟ್ಟೆ ಸವರಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. ಸಂತೆಯಲ್ಲಿ ಪೊಲೀಸಿನವನ ಹೊಟ್ಟೆ ಸವರುವುದೆಂದರೆ! ನನಗೆ ಅದೇ ಒಂದು ಸೋಜಿಗ.

ಮೇಜುಗಳ ಮೇಲೆ ಸ್ಟ್ರಾಬೆರಿ ರಾಶಿ ಬಿದ್ದಿತ್ತು. ನಮ್ಮಲ್ಲಿ ಪ್ಲಾಸ್ಟಿಕ್ ಡಬ್ಬಿಯಲ್ಲಿ ಬರುವ ಅರೆಬಿಳಿ ಹಣ್ಣಲ್ಲ, ಒಳಗಿನವರೆಗೂ ಕೆಂಪು. ಹತ್ತು ಹೆಜ್ಜೆ ದೂರಕ್ಕೇ ಘಮ್ಮೆಂದು ಬರುತ್ತಿತ್ತು. ಮಾರುವ ಹುಡುಗಿ ಅಳತೆಯ ಡಬ್ಬಿಯಲ್ಲಿ ಹಣ್ಣನ್ನು ತುಂಬಿ, ಮೇಲೊಂದು ಗೋಪುರ ಕಟ್ಟಿ, ಕಾಗದದ ಚೀಲಕ್ಕೆ ಸುರಿದಳು. ಒಂದು ಲೀಟರ್. ಎಂಟು ಯೂರೋ. ಆರುನೂರು ರೂಪಾಯಿಗೂ ಮೇಲಾಯಿತು ಎಂದು ಮನಸ್ಸಿನಲ್ಲೇ ಗುಣಿಸಿದೆ. ಆದರೆ ನನ್ನ ಕಣ್ಣು ನೆಟ್ಟದ್ದು ಬೆಲೆಯ ಮೇಲಲ್ಲ, ಆ ಗೋಪುರದ ಮೇಲೆ. ಅಳತೆ ತುಂಬಿದ ಮೇಲೂ ಎರಡು ಹಣ್ಣು ಜಾಸ್ತಿ ಇಟ್ಟು, ಉರುಳದಂತೆ ಅಂಗೈ ಅಡ್ಡ ಹಿಡಿಯುವ ಆ ರೀತಿ ನನಗೆ ಚೆನ್ನಾಗಿ ಗೊತ್ತಿತ್ತು. ಎಲ್ಲಿ ನೋಡಿದ್ದೆ ಎಂಬುದನ್ನು ಮಾತ್ರ ಆಗ ಅಳಿಯನಿಗೆ ಹೇಳಲಿಲ್ಲ.

ಆ ಹುಡುಗಿಗೆ ಹದಿನಾರು ವರ್ಷವಿರಬಹುದು. ಅವಳು ನಮ್ಮ ಪಕ್ಕದ ಮನೆಯಾಕೆಯ ಮೊಮ್ಮಗಳು ಎಂದು ಆಮೇಲೆ ತಿಳಿಯಿತು. ಪಕ್ಕದ ಮನೆಯಾಕೆ ನಿವೃತ್ತ ಶಾಲಾ ಉಪಾಧ್ಯಾಯಿನಿ. ಆಕೆಯ ಮಗಳು ಡಾಕ್ಟರು. ಡಾಕ್ಟರ ಮಗಳು ಸಂತೆಯಲ್ಲಿ ಹಣ್ಣು ಮಾರುತ್ತಾಳೆಯೇ ಎಂದು ಕೇಳಿದೆ. 'ಬೇಸಿಗೆ ರಜೆಯಲ್ಲಿ ಮಕ್ಕಳು ಕೆಲಸ ಮಾಡಲೇಬೇಕಲ್ಲ. ನಾನೂ ಮಾರಿದ್ದೆ, ಅವಳ ತಾಯಿಯೂ ಮಾರಿದ್ದಳು' ಎಂದರು. ಅವರ ಇಂಗ್ಲಿಷೂ ನನ್ನ ಇಂಗ್ಲಿಷೂ ಮೇಷ್ಟರ ಇಂಗ್ಲಿಷೇ ಆದ್ದರಿಂದ ನಮಗಿಬ್ಬರಿಗೂ ಚೆನ್ನಾಗಿ ಹೊಂದಿಕೆಯಾಯಿತು. ಮೊಮ್ಮಗಳು ಅಂಗಡಿಯಲ್ಲಿದ್ದ ದಿನ ತಾಯಿ ಆಸ್ಪತ್ರೆಯಿಂದ ಬರುವಾಗ ಅಲ್ಲಿಯೇ ಸಾಲಿನಲ್ಲಿ ನಿಂತು ಹಣ್ಣು ಕೊಂಡು, ದುಡ್ಡು ಎಣಿಸಿ ಕೊಟ್ಟು ಹೋಗುವುದನ್ನು ನಾನೇ ಕಂಡೆ.

ಆಕೆಯಿಂದ ಸಂತೆಯ ಒಳಗುಟ್ಟುಗಳನ್ನು ಕಲಿತೆ. ಹಂಗಾಮಿನ ಮೊದಲ ಹಣ್ಣಿಗೆ ಬೆಲೆ ಹೆಚ್ಚು. ಜೂನ್ ಕೊನೆಯ ಹಬ್ಬಕ್ಕೆ ಸ್ವದೇಶದ ಹಣ್ಣು ಬಂತೋ ಇಲ್ಲವೋ ಎಂಬುದೇ ಆಗ ಊರಿನ ಮಾತು. ಜುಲೈ ನಡುವೆ ಬೆಲೆ ಇಳಿದಾಗ ಮನೆಮನೆಯವರೂ ಐದು ಕಿಲೋ ಪೆಟ್ಟಿಗೆಗಟ್ಟಲೆ ಕೊಂಡು ಚಳಿಗಾಲಕ್ಕೆಂದು ಫ್ರೀಜರಿನಲ್ಲಿ ತುಂಬಿಸುತ್ತಾರೆ. ನಾವು ಮಳೆಗಾಲಕ್ಕೆ ಹಪ್ಪಳ, ಸಂಡಿಗೆ ಮಾಡಿಡುವ ಹಾಗೆ. 'ಪೋಲ್ಕಾ' ಎಂಬ ತಳಿಯೆಂದರೆ ಅವರಿಗೆ ಪ್ರಾಣ. ಸುವೊನೆನ್‌ಯೊಕಿ ಎಂಬ ಊರು ಸ್ಟ್ರಾಬೆರಿಗೇ ಹೆಸರುವಾಸಿ. 1970ರಿಂದ ಅಲ್ಲಿ ಹಣ್ಣಿನ ಜಾತ್ರೆ ನಡೆಯುತ್ತ ಬಂದಿದೆ. ಆ ವರ್ಷ ಅಲ್ಲಿಯ ತೋಟಗಳಲ್ಲಿ ಬಗ್ಗಿ ಹಣ್ಣು ಕೀಳುತ್ತಿದ್ದವರಲ್ಲಿ ಬಹಳ ಮಂದಿ ಉಕ್ರೇನಿನಿಂದ ಬಂದವರು.

ಮೋಸವೂ ಇಲ್ಲದಿಲ್ಲ. ಹೊರದೇಶದ ಅಗ್ಗದ ಹಣ್ಣನ್ನು ತಂದು ಸ್ವದೇಶದ್ದೆಂದು ಮಾರುವವರಿದ್ದಾರೆ. ಹಾಗಾಗಿ ಸರಕಾರದವರು ಹಣ್ಣಿನ ಮಾದರಿ ಒಯ್ದು, ಅದು ಯಾವ ಮಣ್ಣು ನೀರಿನಲ್ಲಿ ಬೆಳೆದದ್ದೆಂದು ಪ್ರಯೋಗಾಲಯದಲ್ಲಿ ಪರೀಕ್ಷೆ ಮಾಡಿಸುತ್ತಾರೆ. ಇದನ್ನು ಕೇಳಿ ನನಗೆ ಯಾಕೋ ಸಮಾಧಾನವಾಯಿತು. ಸಂತೆ ಎಂದ ಮೇಲೆ ಎಲ್ಲ ಕಡೆಯೂ ಸಂತೆಯೇ.

ಜುಲೈ ಕೊನೆಗೆ ಆಕೆ, 'ನಾಳೆ ಕಾಡಿಗೆ ಬರುತ್ತೀರಾ, ಬ್ಲೂಬೆರಿ ಹಣ್ಣಾಗಿದೆ' ಎಂದರು. ಬಕೇಟು, ಬಾಚಣಿಗೆಯಂಥ ಹಲ್ಲುಗಳಿರುವ ಒಂದು ಡಬ್ಬಿ, ಸೊಳ್ಳೆಗೆ ಎಣ್ಣೆ ಎಲ್ಲ ಸಿದ್ಧ ಮಾಡಿಕೊಂಡು ಅವರ ಕಾರಿನಲ್ಲಿ ಹೋದೆವು. ಪೈನ್ ಮರಗಳ ಕೆಳಗೆ ಮೊಣಕಾಲೆತ್ತರದ ಗಿಡ. ನೆಲದುದ್ದಕ್ಕೂ ನೀಲಿ. ತೋಟದ ಬ್ಲೂಬೆರಿಯ ತಿರುಳು ಬೆಳ್ಳಗಿರುತ್ತದಂತೆ; ಈ ಕಾಡುಹಣ್ಣು ಒಳಗೂ ನೇರಳೆ. ಬಾಯಿಗೆ ಹಾಕಿದರೆ ನಾಲಿಗೆ, ಹಲ್ಲು, ಬೆರಳು ಎಲ್ಲ ನಮ್ಮ ನೇರಳೆ ಹಣ್ಣು ತಿಂದ ಹಾಗೆ.

ನಾನು ಗಿಡದ ಹತ್ತಿರ ಹೋದವಳು ನಿಂತುಬಿಟ್ಟೆ. 'ಈ ಕಾಡು ಯಾರದು? ಯಾರನ್ನು ಕೇಳಬೇಕು?' ಎಂದೆ.

'ಯಾರದೋ ಗೊತ್ತಿಲ್ಲ. ಯಾರನ್ನೂ ಕೇಳಬೇಕಾಗಿಲ್ಲ' ಎಂದರು ಆಕೆ, ಆಗಲೇ ಬಾಚುತ್ತ.

ಅಲ್ಲಿ ಅದು ಎಲ್ಲ ಮನುಷ್ಯರ ಹಕ್ಕು. ಕಾಡಿನ ಬಹುಪಾಲು ಖಾಸಗಿಯವರದ್ದೇ. ಆದರೂ ಯಾರದೇ ಕಾಡಾಗಲಿ, ಮನೆಯಂಗಳ ಬಿಟ್ಟು ಬೇರೆಲ್ಲಿ ಬೇಕಾದರೂ ನಡೆದು ಹೋಗಿ ಕಾಡುಹಣ್ಣು, ಅಣಬೆ ಕೀಳಬಹುದು. ಪರದೇಶದವಳಾದ ನಾನೂ ಕೀಳಬಹುದು. ಕಿತ್ತದ್ದನ್ನು ಮಾರಬಹುದು; ಆ ದುಡ್ಡಿಗೆ ಆದಾಯ ತೆರಿಗೆಯೂ ಇಲ್ಲ. ಆ ದೇಶದ ಕಾಡುಗಳಲ್ಲಿ ಒಳ್ಳೆಯ ವರ್ಷ ಐವತ್ತು ಕೋಟಿ ಕಿಲೋ ಹಣ್ಣು ಬಿಡುತ್ತದೆಂದು ಅಂದಾಜು. ಅದರಲ್ಲಿ ಮನುಷ್ಯರು ಕೀಳುವುದು ಹತ್ತನೆಯ ಒಂದು ಪಾಲೂ ಅಲ್ಲ. ಜೌಗು ನೆಲದಲ್ಲಿ ಹಳದಿಯ ಕ್ಲೌಡ್‌ಬೆರಿ. ಬೆಲೆಯಲ್ಲಿ ಎಲ್ಲದಕ್ಕಿಂತ ಮೇಲು. ಅವರ ಎರಡು ಯೂರೋ ನಾಣ್ಯದ ಮೇಲೆ ಅದರದೇ ಚಿತ್ರ. ಸೆಪ್ಟೆಂಬರಿನಲ್ಲಿ ಕೆಂಪು ಲಿಂಗನ್‌ಬೆರಿ. ತನ್ನ ಹುಳಿಯಿಂದಲೇ ಕೆಡದೆ ಉಳಿಯುವ ಹಣ್ಣು.

ನಾನು ಬಕೇಟು ಹಿಡಿದು ಕುಳಿತೆ, ಆದರೆ ಕಣ್ಣು ಪದೇಪದೇ ದಾರಿಯ ಕಡೆಗೆ ಹೋಗುತ್ತಿತ್ತು. ಯಾರೋ ಬಂದಾರೆಂಬ ಅಂಜಿಕೆ. ಐವತ್ತು ವರ್ಷದ ಹೆಂಗಸಿಗೆ, ಯಾರೂ ಇಲ್ಲದ ಕಾಡಿನಲ್ಲಿ, ಎದೆ ಹೊಡೆದುಕೊಳ್ಳುವುದೆಂದರೆ ನಾಚಿಕೆಯ ವಿಷಯ. ಅದಕ್ಕೆ ಕಾರಣವಿದೆ.

ನನ್ನ ಅವ್ವ ಕಾಡುಹಣ್ಣು ಮಾರುತ್ತಿದ್ದಳು. ಅಪ್ಪ ಹೋದ ಮೇಲೆ ನಾವು ನಾಲ್ಕು ಮಕ್ಕಳನ್ನು ಸಾಕಿದ್ದು ಸಾಗರದ ಕಡೆಯ ಆ ಕಾಡೇ. ಬೇಸಿಗೆಯಲ್ಲಿ ಕವಳಿ, ಮುರುಗಲು. ಮಳೆ ಹಿಡಿಯುವ ಹೊತ್ತಿಗೆ ನೇರಳೆ. ಒಂದು ಬೆಳಿಗ್ಗೆ ನಾನೂ ಜೊತೆಗಿದ್ದೆ. ಗಾರ್ಡು ಅಡ್ಡ ನಿಂತು, 'ಯಾರನ್ನು ಕೇಳಿ ಕಿತ್ತೆ?' ಎಂದವನು ಬುಟ್ಟಿಯನ್ನು ರಸ್ತೆಗೆ ಸುರಿದ. ಅವ್ವ ಏನೂ ಹೇಳಲಿಲ್ಲ. ಅವನು ಹೋದ ಮೇಲೆ ಕುಳಿತು, ಒಡೆಯದ ಹಣ್ಣನ್ನು ಒಂದೊಂದಾಗಿ ಆರಿಸಿ ಸೆರಗಿನಲ್ಲಿ ಒರೆಸಿದಳು. ಅವನ ಮೇಲಿನ ಸಿಟ್ಟು ನನಗೆ ಈಗ ಇಲ್ಲ. ಉಳಿದಿರುವುದು ಬೇರೆಯದು.

1982. ನಾನು ಎಂಟನೆಯ ಇಯತ್ತೆ. ಪೇಟೆಯ ಹೈಸ್ಕೂಲಿಗೆ ಸೇರಿ ಹದಿನೈದು ದಿನವಾಗಿತ್ತು. ಮಧ್ಯಾಹ್ನದ ಬಿಡುವಿನಲ್ಲಿ ಗೇಟಿನ ಹೊರಗೆ ಅವ್ವ ನೇರಳೆ ಬುಟ್ಟಿ ಇಟ್ಟುಕೊಂಡು ಕುಳಿತಿದ್ದಳು. ಗೆಳತಿಯರು ಓಡಿದರು, ನಾನೂ ಹಿಂದೆ ಹೋದೆ. ಅವ್ವ ನನ್ನನ್ನು ಕಂಡು ಮುಖ ಅರಳಿಸಿದಳು. ಪಕ್ಕದ ಹುಡುಗಿ, 'ನಿನಗೆ ಗೊತ್ತಿರುವವಳೇನೇ?' ಎಂದಳು. 'ಇಲ್ಲಪ್ಪ' ಎಂದೆ ನಾನು. ಅವ್ವನಿಗೆ ಕೇಳಿಸಿತು. ಅರಳಿದ ಮುಖವನ್ನು ಹಾಗೆಯೇ ಬುಟ್ಟಿಯ ಕಡೆ ತಿರುಗಿಸಿ, ಪಾವು ತುಂಬಿ, ಮೇಲೊಂದು ಗೋಪುರ ಕಟ್ಟಿ, ಸಾಗುವಾನಿ ಎಲೆಯ ಮೇಲೆ ಸುರಿದು, 'ತಗೊಳ್ಳಿ ಅಮ್ಮಾ' ಎಂದು ನನಗೆ ಬಹುವಚನದಲ್ಲಿ ಕೊಟ್ಟಳು. ಮತ್ತೆ ಆ ಗೇಟಿಗೆ ಬರಲಿಲ್ಲ. ಮನೆಯಲ್ಲಿ ಆ ಮಾತು ತೆಗೆಯಲೂ ಇಲ್ಲ. ನಾನು ಬಿ.ಎಡ್. ಮುಗಿಸಿದ ವರ್ಷ ತೀರಿಹೋದಳು.

ಇದನ್ನು ನಾನು ಯಾರಿಗೂ ಹೇಳಿರಲಿಲ್ಲ. ನಮ್ಮವರಿಗೂ ಇಲ್ಲ. ಮಗಳಿಗೆ ಅಜ್ಜಿಯೆಂದರೆ ಗೋಡೆಯ ಮೇಲಿನ ಒಂದು ಫೋಟೋ, ಅಷ್ಟೇ. 'ಕೂಲಿನಾಲಿ ಮಾಡುತ್ತಿದ್ದರು' ಎಂದು ಮೊಟಕಾಗಿ ಹೇಳಿ ಮುಗಿಸಿದ್ದೆ.

ಕಾಡಿನಿಂದ ಬರುವಾಗ ದಾರಿಯ ಪೆಟ್ರೋಲ್ ಬಂಕಿನಲ್ಲಿ ಒಂದು ವ್ಯಾನು ನಿಂತಿತ್ತು. ನಮ್ಮಂತೆಯೇ ಕಪ್ಪು ಕೂದಲಿನ ಏಳೆಂಟು ಜನ, ಹೆಂಗಸರೇ ಹೆಚ್ಚು. ರಬ್ಬರ್ ಬೂಟು, ತಲೆಗೆ ಬಟ್ಟೆ. ವ್ಯಾನಿನ ಹಿಂದೆ ಹಣ್ಣಿನ ಪೆಟ್ಟಿಗೆಗಳು. ಥಾಯ್ಲೆಂಡಿನವರು ಎಂದರು ಪಕ್ಕದ ಮನೆಯಾಕೆ. 2005ರಿಂದ ಪ್ರತಿ ಬೇಸಿಗೆಗೂ ಬರುತ್ತಿದ್ದರಂತೆ. ಫ್ಯಾಕ್ಟರಿಗಳಿಗೆ ಹೋಗುವ ಕಾಡುಹಣ್ಣಿನ ಬಹುಪಾಲನ್ನು ಆಗ ಕೀಳುತ್ತಿದ್ದವರು ಅವರೇ. ಒಬ್ಬ ಹೆಂಗಸು ನನ್ನ ಕಡೆ ನೋಡಿ ನಕ್ಕಳು. ವಯಸ್ಸು ನನ್ನಷ್ಟೇ ಇರಬೇಕು. ಅವಳ ಕೈ ಮಣಿಕಟ್ಟಿನವರೆಗೂ ನೇರಳೆ ಬಣ್ಣಕ್ಕೆ ತಿರುಗಿತ್ತು. ನನ್ನ ಕೈಯನ್ನೂ ಎತ್ತಿ ತೋರಿಸಿದೆ. ಇನ್ನೂ ಜೋರಾಗಿ ನಕ್ಕಳು. ಅವಳ ಕೈ ಬಣ್ಣ ನೀರಿಗೆ ಹೋಗುವಂಥದ್ದಲ್ಲ ಎಂದು ನನಗೆ ಗೊತ್ತು.

ಊರಿಗೆ ಬಂದ ಮೇಲೆ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ. ಆಗ ಅವರು ಬರುತ್ತಿದ್ದದ್ದು ಪ್ರವಾಸಿಗರ ವೀಸಾದಲ್ಲಿ. ಯಾರ ನೌಕರರೂ ಅಲ್ಲ. ಕಾಡು ಎಲ್ಲರದೂ, ಹಣ್ಣು ಎಲ್ಲರದೂ, ಕಿತ್ತು ಮಾರಿ ಹೋಗಿ ಎಂಬ ಲೆಕ್ಕ. ಆದರೆ ವಿಮಾನದ ದುಡ್ಡು, ಇರುವ ಜಾಗ, ಊಟ, ವ್ಯಾನಿನ ಬಾಡಿಗೆ ಎಲ್ಲ ಅವರ ತಲೆಯ ಮೇಲಿನ ಸಾಲ. ಹಣ್ಣು ಕಡಿಮೆಯಾದ ವರ್ಷ ಸಾಲ ಹೊತ್ತೇ ಮನೆಗೆ ಹೋಗಬೇಕು. 2021ರಲ್ಲಿ ಅವರ ರಕ್ಷಣೆಗೆಂದು ಒಂದು ಕಾನೂನು ಬಂತು. ಮಾನವ ಕಳ್ಳಸಾಗಣೆಯ ಅಪರಾಧಕ್ಕೆ ನ್ಯಾಯಾಲಯ ಶಿಕ್ಷೆ ವಿಧಿಸಿದ್ದೂ ಆಯಿತು. ಈಗ ನೌಕರರೆಂದೇ ಕರೆಸಿಕೊಳ್ಳಬೇಕೆಂಬ ನಿಯಮವಾಗಿದೆ. ಯಾರನ್ನೂ ಕೇಳಬೇಕಾಗಿಲ್ಲ ಎಂಬ ಆ ಚೆಲುವಾದ ಮಾತು ಪಕ್ಕದ ಮನೆಯಾಕೆಯ ಬಾಯಿಯಲ್ಲಿ ಒಂದು ಅರ್ಥ ಕೊಟ್ಟರೆ, ಸಾಲ ಮಾಡಿ ಬಂದವಳ ಪಾಲಿಗೆ, ಅವಳನ್ನು ಕೇಳುವವರು ಯಾರೂ ಇಲ್ಲ ಎಂಬ ಅರ್ಥ ಕೊಡುತ್ತದೆ. ಗಾರ್ಡು ಇಲ್ಲದ ಕಾಡಿನಲ್ಲೂ ಬುಟ್ಟಿ ಸುರಿದುಹೋಗಬಹುದು.

ಅಂದು ಸಂಜೆ ಹಣ್ಣು ಆರಿಸುತ್ತ ಕುಳಿತಿದ್ದಾಗ ಮಗಳು ಬಂದು ಒಂದು ಹಿಡಿ ಬಾಯಿಗೆ ಹಾಕಿಕೊಂಡಳು. 'ಬಾಣಂತಿ ಹುಳಿ ತಿನ್ನಬಾರದು ಕಣೇ' ಎಂದೆ. 'ಇಲ್ಲಿಯ ನರ್ಸು ಇದನ್ನೇ ತಿನ್ನು ಎನ್ನುತ್ತಾಳಮ್ಮ' ಎಂದಳು. ಅವಳ ತುಟಿ ನೇರಳೆಯಾದದ್ದನ್ನು ನೋಡುತ್ತಿದ್ದ ಹಾಗೆ ನನಗೆ ತಡೆಯಲಾಗಲಿಲ್ಲ. ಗೇಟಿನ ಕಥೆಯನ್ನೆಲ್ಲ ಹೇಳಿದೆ. ಅವಳು ಸಮಾಧಾನ ಹೇಳುತ್ತಾಳೆ, ಚಿಕ್ಕವಳಿದ್ದೆ ಬಿಡಮ್ಮ ಎನ್ನುತ್ತಾಳೆ ಎಂದುಕೊಂಡಿದ್ದೆ. ಅವಳು ಹಾಗೆ ಹೇಳಲಿಲ್ಲ. 'ನನಗೆ ಯಾಕೆ ಇಷ್ಟು ದಿನ ಹೇಳಲಿಲ್ಲ? ಆಗಲೂ ಅಜ್ಜಿಯನ್ನು ಮುಚ್ಚಿಟ್ಟೆ, ಆಮೇಲೂ ಮುಚ್ಚಿಟ್ಟೆಯಲ್ಲ' ಎಂದಳು. ಮಗು ಅತ್ತಿತು, ಎದ್ದು ಹೋದಳು. ಹೊರಗೆ ರಾತ್ರಿ ಹತ್ತೂವರೆಯ ಬಿಸಿಲು. ಕಣ್ಣು ಒರೆಸಿಕೊಳ್ಳುವುದಕ್ಕೆ ಒಂದಿಷ್ಟು ಕತ್ತಲೆಯೂ ಆ ಊರಿನಲ್ಲಿ ಇರಲಿಲ್ಲ.

ಸೆಪ್ಟೆಂಬರಿನಲ್ಲಿ ಹಿಂದಿರುಗಿದೆ. ನಮ್ಮ ಶಾಲೆಯಲ್ಲಿ ಬಿಡುವಿನ ಹೊತ್ತು ಗೇಟಿನ ಹೊರಗೆ ಮಾರುವವರು ಕೂರದಂತೆ ನೋಡಿಕೊಳ್ಳುವ ಕೆಲಸ ಸರದಿಯ ಮೇಲೆ ಶಿಕ್ಷಕರದು. ನಾನೂ ಎಷ್ಟೋ ವರ್ಷ ಮಾಡಿದ್ದೇನೆ. ಗಾರ್ಡಿನ ಹಾಗೆ ಬುಟ್ಟಿ ಸುರಿದಿಲ್ಲ, ಆದರೆ 'ಏಳಮ್ಮ, ಆಚೆ ಹೋಗು' ಎಂದಿದ್ದೇನೆ. ಆಮೇಲೆ ಮುಖ್ಯೋಪಾಧ್ಯಾಯರಿಗೆ ಹೇಳಿ ಆ ಸರದಿಯಿಂದ ಹೆಸರು ತೆಗೆಸಿಕೊಂಡೆ. ಕಾರಣ ಕೇಳಿದರು. ಈ ಸಲ ಮುಚ್ಚಿಡಲಿಲ್ಲ, ಹೇಳಿದೆ. ಅವರು ಸ್ವಲ್ಪ ಹೊತ್ತು ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡಿ, 'ಆಗಲಿ ಮೇಡಂ' ಎಂದರು.

ಮೊಮ್ಮಗನಿಗೆ ಈಗ ಆರು ವರ್ಷ ಕಳೆದಿದೆ. ಕಳೆದ ಬೇಸಿಗೆಯಲ್ಲಿ ಮಗಳು ಫೋನಿನಲ್ಲಿ ಚಿತ್ರ ಕಳಿಸಿದ್ದಳು. ಅವನು ಕಾಡಿನಲ್ಲಿ ಬಕೇಟು ಹಿಡಿದು ನಿಂತಿದ್ದಾನೆ, ಬಾಯಿತುಂಬ ನೇರಳೆ ಬಣ್ಣ. ಆಮೇಲೆ ಅವನೇ ಮಾತಾಡಿದ: 'ಅಜ್ಜಿ, ನಿಮ್ಮ ಅಮ್ಮ ಹಣ್ಣು ಮಾರುತ್ತಿದ್ದರಂತೆ. ಲೀಟರಿಗೆ ಎಷ್ಟು?'

ಲೀಟರಲ್ಲ ಮಗಾ, ಪಾವು ಎಂದೆ. ಪಾವಿಗೆ ಹತ್ತು ಪೈಸೆ. ನನಗೆ ಕೊಟ್ಟ ಆ ಒಂದು ಪಾವಿಗೆ ಅವಳು ದುಡ್ಡು ಕೇಳಲಿಲ್ಲ, ನಾನೂ ಕೊಡಲಿಲ್ಲ. ಅದನ್ನೂ ಹೇಳಿದೆ.