ಸಾಸಜುಕದಲ್ಲಿ ಸೈತಾನನ ಬಾಡಿಗೆ ಮನೆ

ಟೋಕಿಯೋದ ಶಿಂಜುಕು ನಿಲ್ದಾಣದ ಜನಜಂಗುಳಿಯಲ್ಲಿ ಕೇಯೋ ಮಾರ್ಗದ ರೈಲು ಹತ್ತಿ ಕೂರಲು ಜಾಗ ಹುಡುಕುವಷ್ಟರಲ್ಲಿ ಸಾಸಜುಕ ಬಂತು. ಅದೇ ಮೊದಲ ನಿಲ್ದಾಣ. ಎಂಟೆ ಇಸ್ಲಾ ಎಂಬ ಲೋಕವನ್ನು ನಡುಗಿಸಿದ ಅಸುರರಾಜ ಸೈತಾನ, ವೀರವನಿತೆ ಎಮಿಲಿಯಾಳಿಗೆ ಸೋತು ಓಡಿಬಂದು ಬಾಡಿಗೆ ಮನೆ ಹಿಡಿದದ್ದು ಈ ಊರಲ್ಲಿ!

ಸತೋಶಿ ವಾಗಹಾರ 2011ರಲ್ಲಿ ಆರಂಭಿಸಿದ ‘ಹತರಾಕು ಮಾವೋ-ಸಾಮ!’ ಕಾದಂಬರಿ ಮಾಲೆಯನ್ನು ಅಕಿಯೋ ಹೀರಾಗಿ ಮಾಂಗಾ ಮಾಡಿದರು. ಮಾಯಾಶಕ್ತಿ ಬತ್ತಿದ ಸೈತಾನ ಇಲ್ಲಿ ಮಾವೋ ಸದಾಓ ಎಂಬ ಬಡಪಾಯಿ ಯುವಕ. ಆರು ಚಾಪೆಯಗಲದ, ಅಂದರೆ ಹತ್ತು ಚದರ ಮೀಟರಿನಷ್ಟು ಕೋಣೆ. ಪಕ್ಕದ ಹತಗಾಯದ ಬರ್ಗರ್ ಅಂಗಡಿಯಲ್ಲಿ ಗಂಟೆ ಲೆಕ್ಕದ ಕೂಲಿ. ಲೋಕ ಗೆಲ್ಲುವ ಮಾತು ಆಮೇಲೆ, ಮೊದಲು ಕೆಲಸ ಕಾಯಂ ಆಗಬೇಕು. ಅವನ ಸೇನಾಧಿಪತಿ ಅಡುಗೆ ಮಾಡುತ್ತ, ಮನೆಖರ್ಚಿನ ಲೆಕ್ಕ ಹಿಡಿದು ದೊರೆಯನ್ನೇ ಗದರುತ್ತಾನೆ. ಬೆನ್ನಟ್ಟಿ ಬಂದ ಎಮಿಲಿಯಾ ಕಾಲ್ ಸೆಂಟರ್ ಸೇರಿದ್ದಾಳೆ. ಹೊಟ್ಟೆಪಾಡು ಇಬ್ಬರನ್ನೂ ಬಿಟ್ಟಿಲ್ಲ.

ಶಿಬುಯಾ ವಾರ್ಡಿನದೇ ಊರು ಎಂದರೆ ನಂಬುವುದು ಕಷ್ಟ. ಆ ಹೆಸರಿನ ಝಗಮಗ ಇಲ್ಲಿಲ್ಲ. ಟೋಕಿಯೋ ಇನ್ನೂ ಎಡೋ ಆಗಿದ್ದ ಕಾಲದ ಕೋಶು ಹೆದ್ದಾರಿ, ಅದರ ನೆತ್ತಿಯ ಮೇಲೆ ಕಾಂಕ್ರೀಟ್ ಮೇಲ್ಸೇತುವೆ. ನಾಲ್ಕು ಹೆಜ್ಜೆ ಒಳಗೆ ಬಂದರೆ ಗದ್ದಲ ತಗ್ಗಿ, ತರಕಾರಿ ಅಂಗಡಿ, ಬಾಲ್ಕನಿಯಲ್ಲಿ ಒಣಗುವ ಬಟ್ಟೆ, ಕಬ್ಬಿಣದ ಮೆಟ್ಟಿಲಿನ ಎರಡು ಮಹಡಿಯ ವಠಾರ. ನಾನು ಬಾಯಿ ತೆರೆದು ನಿಂತದ್ದು ಇಲ್ಲಿ. ಈ ಕಥೆ ಓಣಿಗೆ ಯಾವ ಮಾಟವನ್ನೂ ತಂದು ಸುರಿದಿಲ್ಲ. ಇರುವ ಓಣಿಯನ್ನೇ ಇದ್ದಂತೆ ಎರವಲು ಪಡೆದಿದೆ. ನಗು ಹುಟ್ಟುವುದೇ ಆ ನಿಷ್ಠೆಯಿಂದ. ಊರೂ ಕಲ್ಪನೆಯದಾಗಿದ್ದರೆ ಸೈತಾನನ ಬಡತನ ಯಾರನ್ನು ನಗಿಸೀತು?

ಮನೆಗಳ ಬೆನ್ನಿಗೆ ತಾಮಗಾವಾ ಕಾಲುವೆಯ ತುಣುಕೊಂದು ತೆರೆದುಕೊಂಡಿತು. 1653ರಲ್ಲಿ ಎಡೋ ನಗರದ ಕುಡಿಯುವ ನೀರಿಗೆಂದು ಹಮುರಾದಿಂದ ಯೊತ್ಸುಯಾವರೆಗೆ 43 ಕಿಲೋಮೀಟರ್ ತೋಡಿದ್ದು. ಸ್ವಲ್ಪ ಮುಂದೆ ಅದು ನೆಲದಡಿ ಮರೆಯಾಗುತ್ತದೆ, ಮೇಲೆ ಮರಗಳ ಕಾಲುದಾರಿ. ಅದೇ ದಾರಿ ಹಿಡಿದು ಹತಗಾಯದತ್ತ ಹೊರಟೆ. ಮಾವೋ ಕೆಲಸಕ್ಕೆ ಹೋಗಿಬರುವ ತನ್ನ ಸೈಕಲ್ಲಿಗೆ ಯುದ್ಧದ ಕುದುರೆಗೆ ಇಡುವಂತೆ ‘ದುಲ್ಲಹಾನ್’ ಎಂದು ಹೆಸರಿಟ್ಟಿದ್ದಾನೆ. ಬದಿಯಲ್ಲಿ ನಿಲ್ಲಿಸಿದ ಸೈಕಲ್ಲುಗಳಲ್ಲಿ ಅದು ಯಾವುದಿರಬಹುದೆಂದು ಹುಡುಕುತ್ತ ನಿಂತಿದ್ದಾಗ ಹಿಂದೆ ಗಂಟೆ ಟ್ರಿಣ್ ಎಂದಿತು. ಬುಟ್ಟಿ ತುಂಬ ಈರುಳ್ಳಿ ಸೊಪ್ಪು ಹೇರಿಕೊಂಡು ಬಂದ ಅಜ್ಜಿಯೊಬ್ಬರಿಗೆ ದಾರಿ ಬಿಟ್ಟೆ.